ಕುಂತಿ, ಅತ್ತೆ, ಸೋನಾಬಾಯಿ: ಚಿತ್ರದುರ್ಗ ಸೀಮೆಯ ಪೋಷಕ ನಟಿಯರು

ನಾಯಕಿಯ ಪಾತ್ರವೊಂದನ್ನು ಬಿಟ್ಟು ನಾಟಕದ ಮಿಕ್ಕ ಹೆಣ್ಣುಪಾತ್ರಗಳನ್ನೆಲ್ಲ ಹೊರುವವಳು ಪೋಷಕ ನಟಿ. ತಾಯಿ, ಅತ್ತೆ, ಅತ್ತಿಗೆ, ಮಲತಾಯಿ, ಬಾಯಿಬಡುಕಿ ನೆರೆಯವಳು, ರಾಜಮಾತೆ, ದಾಸಿ, ಹೀಗೆ ಕಥೆ ನಡೆಯಲು ಬೇಕೇ ಬೇಕಾದ, ಆದರೆ ಗೋಡೆಗೆ ಹಚ್ಚುವ ಪೋಸ್ಟರಿನಲ್ಲಿ ಮುಖ ಕಾಣಿಸದ ಪಾತ್ರಗಳು ಆಕೆಯ ಪಾಲಿಗೆ ಬರುತ್ತವೆ. ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ ತಾಲ್ಲೂಕುಗಳಲ್ಲಿ ಈ ಕಸುಬು ಮೂರು ಆಸರೆಗಳ ಮೇಲೆ ನಿಂತು ಬಂದಿದೆ: ಊರಿಂದೂರಿಗೆ ಮೊಕ್ಕಾಂ ಹೂಡುವ ವೃತ್ತಿ ಕಂಪನಿ, ಸುಗ್ಗಿಯ ನಂತರದ ಹಳ್ಳಿ ನಾಟಕ, ಮಠಗಳು ಕಟ್ಟಿದ ರಂಗತಂಡ. ಸಿನಿಮಾ ನಾಲ್ಕನೆಯದು. ಅದು ಇಲ್ಲಿ ನೆಲೆ ನಿಲ್ಲಲಿಲ್ಲ, ಕೋಟೆಯನ್ನು ಹಿನ್ನೆಲೆ ಮಾಡಿಕೊಂಡು ಬಂದು ಹೋಯಿತು. ಹಾಗೆ ಬಂದಾಗ ಬಿಟ್ಟು ಹೋದ ಒಂದೆರಡು ಪೋಷಕ ಪಾತ್ರಗಳು ಮಾತ್ರ ಊರಿನ ಗುರುತೇ ಆಗಿಬಿಟ್ಟಿವೆ.

ಈ ಸೀಮೆಯ ರಂಗಚರಿತ್ರೆ ಹೇಳುವಾಗ ದಾವಣಗೆರೆಯನ್ನು ಬಿಡುವಂತಿಲ್ಲ. 1997ರ ಆಗಸ್ಟ್ 15ರಂದು ಬೇರೆ ಜಿಲ್ಲೆಯಾಗುವವರೆಗೆ ದಾವಣಗೆರೆ, ಹರಿಹರ, ಜಗಳೂರು ಎಲ್ಲವೂ ಚಿತ್ರದುರ್ಗಕ್ಕೇ ಸೇರಿದ್ದವು. ಕೋಟೆ ಇದ್ದದ್ದು ದುರ್ಗದಲ್ಲಿ, ಹತ್ತಿ ಗಿರಣಿಗಳೂ ಅವುಗಳ ಸುತ್ತ ಓಡಾಡುವ ದುಡ್ಡೂ ದಾವಣಗೆರೆಯಲ್ಲಿ. ಸಂಜೆ ಪಾಳಿ ಮುಗಿಸಿ ಟಿಕೆಟ್ ಕೊಂಡು ನಾಟಕ ನೋಡುವ ಗಿರಣಿ ಕಾರ್ಮಿಕರು ಇದ್ದ ಕಡೆ ಕಂಪನಿಗಳು ಬೇರು ಬಿಡುವುದು ಸಹಜ. ಹೊಳಲ್ಕೆರೆ ತಾಲ್ಲೂಕಿನ ಚಿಕ್ಕಜಾಜೂರು ಜಂಕ್ಷನ್ ಬೆಂಗಳೂರು–ಹುಬ್ಬಳ್ಳಿ ರೈಲು ಮಾರ್ಗದಿಂದ ದುರ್ಗದ ಕಡೆಗೆ ಕವಲೊಡೆಯುವ ಜಾಗ. ಹಿರಿಯೂರು ಬೆಂಗಳೂರು–ಪುಣೆ ಹೆದ್ದಾರಿಯ ಊರು, ಬಳ್ಳಾರಿಯ ಕಡೆಗೂ ಅಲ್ಲಿಂದ ದಾರಿ. ಪರದೆ, ಪೆಟ್ಟಿಗೆ, ಹಾರ್ಮೋನಿಯಂಗಳ ಸಮೇತ ಊರು ಬದಲಿಸುವವರಿಗೆ ಇಂಥ ದಾರಿಗಳು ಅನ್ನದ ದಾರಿಗಳೇ.

ಮೊದಮೊದಲು ವೇದಿಕೆಯ ಮೇಲಿನ ಹೆಂಗಸರೆಲ್ಲ ಗಂಡಸರೇ. ಜಿಲ್ಲೆಯ ಪೂರ್ವ ಭಾಗದ ಬಯಲಾಟದಲ್ಲಿ ದ್ರೌಪದಿಗೂ ಮೀಸೆ ಬೋಳಿಸಿದ ರೈತನೇ ಗತಿ. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಲಕ್ಷ್ಮೇಶ್ವರದ ಬಚ್ಚಾಸಾನಿ ಎಂಬಾಕೆ ತಾನೇ ಕಂಪನಿ ನಡೆಸಿದಳು. ಗುಬ್ಬಿ ವೀರಣ್ಣನವರ ಕಂಪನಿಯಂಥ ದೊಡ್ಡ ತಂಡಗಳು ಹೆಂಗಸರನ್ನು ಸೇರಿಸಿಕೊಂಡ ಮೇಲೆ ಬಾಗಿಲು ತೆರೆಯಿತು. 1934ರಲ್ಲಿ ಮೊದಲ ಕನ್ನಡ ಮಾತಿನ ಚಿತ್ರ ‘ಸತಿ ಸುಲೋಚನಾ’ ಬಂದಾಗ ನಾಯಕಿ ತ್ರಿಪುರಾಂಬ, ಮಂಡೋದರಿ ಲಕ್ಷ್ಮೀಬಾಯಿ. ಕನ್ನಡ ತೆರೆಯ ಪೋಷಕ ನಟಿಯರ ಪಟ್ಟಿ ಶುರುವಾಗುವುದು ಈ ಮಂಡೋದರಿಯಿಂದ. ಆದರೂ ಹಳ್ಳಿಯ ಕಡೆ ಹೆಣ್ಣುಮಗಳೊಬ್ಬಳು ಬಣ್ಣ ಹಚ್ಚುವುದೆಂದರೆ ಬಹುಕಾಲ ಮನೆಯವರು ತಲೆ ತಗ್ಗಿಸುವ ಸಂಗತಿಯಾಗಿಯೇ ಉಳಿಯಿತು. ಹಾಗಾಗಿ ಈ ಕಸುಬಿಗೆ ಬಂದವರು ಹೆಚ್ಚಾಗಿ ಎರಡು ಕಡೆಯಿಂದ ಬಂದರು. ಕೆಲವರು ಕಂಪನಿಯ ಮೊಕ್ಕಾಂನಲ್ಲೇ ಹುಟ್ಟಿದವರು. ಉಳಿದವರು ಹಾಡು-ಕುಣಿತ ಮನೆಯಲ್ಲೇ ಇದ್ದ, ಸಮಾಜ ದೂರವಿಟ್ಟ ಕುಟುಂಬಗಳವರು. ದೇವದಾಸಿ ಕುಟುಂಬಗಳೂ ಅದರಲ್ಲಿ ಸೇರಿದ್ದವು.

ಕಂಪನಿಯ ಬದುಕಿಗೆ ತನ್ನದೇ ಏಣಿಯಿತ್ತು. ಮೊಕ್ಕಾಂನಲ್ಲಿ ಹುಟ್ಟಿದ ಮಗು ನಡೆಯಲು ಕಲಿಯುವ ಹೊತ್ತಿಗೆ ಲೋಹಿತಾಶ್ವ, ಲವ, ಕುಶ. ಹತ್ತು-ಹನ್ನೆರಡಕ್ಕೆ ಸಖಿಯರ ಸಾಲಿನಲ್ಲಿ ಕುಣಿತ. ಕಂಠ ಚೆನ್ನಾಗಿದ್ದು ಮೈಕಟ್ಟು ಒಪ್ಪಿದರೆ ನಾಯಕಿ. ಮೂವತ್ತು ದಾಟಿದೊಡನೆ ಅಕ್ಕ, ಅತ್ತಿಗೆ. ಆಮೇಲೆ ತಾಯಿ. ಕೊನೆಗೆ ಅತ್ತೆ. ಎಷ್ಟೋ ಜನರಿಗೆ ನಾಯಕಿಯ ಮೆಟ್ಟಿಲು ದಕ್ಕುತ್ತಲೇ ಇರಲಿಲ್ಲ, ಸಖಿಯ ಸಾಲಿನಿಂದ ನೇರ ಅತ್ತೆಯ ಕುರ್ಚಿಗೆ. ಅಂಥವರೇ ಕಂಪನಿಯ ನಿಜವಾದ ಆಸ್ತಿ. ನಾಯಕಿ ಮುನಿಸಿಕೊಂಡು ಬೇರೆ ಕಂಪನಿಗೆ ಹೋದರೆ ಮಾಲೀಕ ಇನ್ನೊಬ್ಬಳನ್ನು ತರುತ್ತಿದ್ದ. ನಾಲ್ಕು ನಾಟಕಗಳ ಎಲ್ಲ ಹೆಣ್ಣುಪಾತ್ರಗಳ ಮಾತೂ ಬಾಯಿಗೆ ಬರುವ ಹೆಂಗಸು ಹೋದರೆ ಅವನಿಗೆ ಕೈ ಮುರಿದ ಹಾಗೆ.

ದಾವಣಗೆರೆಯ ಚಿಂದೋಡಿ ವೀರಪ್ಪನವರು ಕಟ್ಟಿದ ಕೆ.ಬಿ.ಆರ್. ಡ್ರಾಮಾ ಕಂಪನಿ ಈ ಸೀಮೆಯಲ್ಲಿ ಮನೆಮಾತು. ಅವರ ಮಗಳು ಚಿಂದೋಡಿ ಲೀಲಾ ಇದೇ ಏಣಿಯನ್ನು ಬಾಲ್ಯದಿಂದ ಹತ್ತಿದವರು. ‘ಪೊಲೀಸನ ಮಗಳು’ ನಾಟಕ ಅವರಿಗೆ ನಾಡಿನುದ್ದಕ್ಕೂ ಹೆಸರು ತಂದಿತು. 1988ರಲ್ಲಿ ಪದ್ಮಶ್ರೀ ಬಂತು, ಕರ್ನಾಟಕ ನಾಟಕ ಅಕಾಡೆಮಿಯ ಅಧ್ಯಕ್ಷ ಸ್ಥಾನವೂ ಬಂತು. 2010ರ ಜನವರಿಯಲ್ಲಿ ತೀರಿಕೊಂಡರು. ಅವರನ್ನು ಅಜ್ಞಾತ ನಟಿ ಎಂದು ಯಾರೂ ಕರೆಯಲಾರರು. ಆದರೆ ಅವರ ಬದುಕಿನಲ್ಲೂ ಒಂದು ತಮಾಷೆಯಿದೆ. ತಗಡಿನ ಥೇಟರಿನಲ್ಲಿ ರಾಣಿಯಾಗಿ ಮೆರೆದವರು ಸಿನಿಮಾಕ್ಕೆ ಹೋದಾಗ ಪೋಷಕ ನಟಿಯಾದರು. ಪುಟ್ಟಣ್ಣ ಕಣಗಾಲ್ ಅವರ ‘ಶರಪಂಜರ’ (1971) ನೋಡಿದವರು ಕಲ್ಪನಾ ಅವರನ್ನು ನೆನೆಯುತ್ತಾರೆ, ಅದೇ ಚಿತ್ರದಲ್ಲಿ ಲೀಲಾ ಇದ್ದದ್ದು ಎಷ್ಟು ಜನರಿಗೆ ನೆನಪಿದೆ? ಮುಂದೆ ಅವರು ನಿರ್ಮಿಸಿದ ‘ಸಂಗೀತ ಸಾಗರ ಗಾನಯೋಗಿ ಪಂಚಾಕ್ಷರ ಗವಾಯಿ’ (1995) ಚಿತ್ರ ಸಂಗೀತಕ್ಕಾಗಿ ಹಂಸಲೇಖ ಅವರಿಗೂ ಹಿನ್ನೆಲೆ ಗಾಯನಕ್ಕಾಗಿ ಎಸ್.ಪಿ. ಬಾಲಸುಬ್ರಹ್ಮಣ್ಯಂ ಅವರಿಗೂ ರಾಷ್ಟ್ರಪ್ರಶಸ್ತಿ ತಂದಿತು.

ಕಂಪನಿ ನಾಟಕಗಳ ಬರಹವೇ ಪೋಷಕ ನಟಿಗೆ ಕೆಲಸ ಕೊಡುವಂಥದ್ದು. ಪಿ.ಬಿ. ಧುತ್ತರಗಿಯವರ ‘ಮಲಮಗಳು’, ‘ತಾಯಿಕರುಳು’ ಎಂಬ ಹೆಸರುಗಳನ್ನೇ ನೋಡಿ. ತಾಯಿಯಿಲ್ಲದೆ, ಮಲತಾಯಿಯಿಲ್ಲದೆ ಇವು ಒಂದು ಅಂಕವೂ ಮುಂದೆ ಹೋಗವು. ಸಾಮಾಜಿಕ ನಾಟಕದ ನಾಯಕಿ ಹೆಚ್ಚಾಗಿ ಅಳುತ್ತಾಳೆ, ಸಹಿಸುತ್ತಾಳೆ. ಪ್ರೇಕ್ಷಕರು ಸಿಳ್ಳೆ ಹಾಕುವುದು, ಬೈಯುವುದು, ಕೆಲವೊಮ್ಮೆ ಚಪ್ಪಲಿ ತೋರಿಸುವುದು ಅತ್ತೆಗೆ. ಚಪ್ಪಲಿ ತೋರಿಸಿದರೆ ಪಾರ್ಟು ಗೆದ್ದಿತೆಂದೇ ಅರ್ಥ.

ಕಂಪನಿಗಳು ಕ್ಷೀಣಿಸಿದ ಮೇಲೆ, ಇನ್ನೂ ನಿಖರವಾಗಿ ಹೇಳುವುದಾದರೆ ಅವು ಚೆನ್ನಾಗಿ ನಡೆಯುತ್ತಿದ್ದಾಗಲೂ, ಈ ಸೀಮೆಯ ನಟಿಯರಿಗೆ ಹೆಚ್ಚು ಕೆಲಸ ಕೊಟ್ಟದ್ದು ಹಳ್ಳಿ ನಾಟಕ. ಪೋಷಕ ನಟಿಯ ದುಡಿಮೆಯನ್ನು ಅರಿಯಬೇಕಾದರೆ ನೋಡಬೇಕಾದದ್ದೂ ಅದನ್ನೇ.

ಸಂಕ್ರಾಂತಿ ಕಳೆದು ಕಣದ ಕೆಲಸ ಮುಗಿದರೆ ಜಾತ್ರೆಗಳ ಸಾಲು ಶುರು. ಹಿರಿಯೂರಿನ ತೇರು ಮಲ್ಲೇಶ್ವರ, ಚಳ್ಳಕೆರೆ ಕಡೆಯ ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿ, ಆಮೇಲೆ ಊರೂರ ಮಾರಮ್ಮ, ಆಂಜನೇಯ, ಬಸವಣ್ಣ. ಮಳೆ ಬೀಳುವ ತನಕ ಒಂದಲ್ಲ ಒಂದೂರಿನಲ್ಲಿ ನಾಟಕ. ಊರಿನ ಯುವಕ ಸಂಘದವರು ಎರಡು-ಮೂರು ತಿಂಗಳ ಮುಂಚೆಯೇ ನಾಟಕದ ಮೇಷ್ಟ್ರನ್ನು ಗೊತ್ತು ಮಾಡುತ್ತಾರೆ. ಪೇಟಿ ನುಡಿಸುತ್ತ ಕಂದ, ಮಟ್ಟುಗಳನ್ನು ಹೇಳಿಕೊಡುವವರು ಅವರೇ. ಆಡುವುದು ‘ಕುರುಕ್ಷೇತ್ರ’ ಇರಬಹುದು, ಕಂದಗಲ್ ಹನುಮಂತರಾಯರ ‘ರಕ್ತರಾತ್ರಿ’ ಇರಬಹುದು, ಶನಿಪ್ರಭಾವದ ರಾಜಾ ವಿಕ್ರಮ ಇರಬಹುದು, ಮದಕರಿ ನಾಯಕನ ಕಥೆ ಇರಬಹುದು, ಇಲ್ಲವೇ ಅಣ್ಣ-ತಂಗಿ, ಗೌಡ-ಬಡವರ ಸಾಮಾಜಿಕ ನಾಟಕ. ಗಂಡು ಪಾತ್ರಗಳೆಲ್ಲ ಊರವರಿಗೆ. ಹೆಣ್ಣು ಪಾತ್ರಗಳಿಗೆ ಮಾತ್ರ ಹೊರಗಿನಿಂದ ಕಲಾವಿದೆಯರು.

ಇಲ್ಲಿನ ಹಣದ ಲೆಕ್ಕ ಸ್ವಾರಸ್ಯಕರ. ಪೌರಾಣಿಕ ನಾಟಕ ಆಡುವ ಅನೇಕ ಊರುಗಳಲ್ಲಿ ಪಾತ್ರ ಮಾಡುವವನೇ ದುಡ್ಡು ಹಾಕಬೇಕು. ದುರ್ಯೋಧನ, ಕೃಷ್ಣ, ಕರ್ಣರಿಗೆ ದರ ಹೆಚ್ಚು, ವಿದುರ, ಸಂಜಯರಿಗೆ ಕಡಿಮೆ. ಹೀಗೆ ಕೂಡಿದ ದುಡ್ಡಿನಲ್ಲಿ ಸೀನರಿ, ಡ್ರೆಸ್, ಲೈಟು, ಮೈಕು, ಮೇಷ್ಟ್ರ ಸಂಬಳ, ಕೊನೆಗೆ ಕಲಾವಿದೆಯರ ಸಂಭಾವನೆ. ಅಂದರೆ ದುರ್ಯೋಧನ ದುಡ್ಡು ಕೊಟ್ಟು ಆಡುತ್ತಾನೆ, ಕುಂತಿ ದುಡ್ಡು ತಗೊಂಡು ಆಡುತ್ತಾಳೆ. ಆ ರಾತ್ರಿ ಬಣ್ಣ ಹಚ್ಚಿದವರಲ್ಲಿ ಕಸುಬು ಬಲ್ಲವರು ಎಂದರೆ ಹೊರಗಿನಿಂದ ಬಂದ ಆ ಮೂರ್ನಾಲ್ಕು ಹೆಂಗಸರು ಮಾತ್ರ. ಊರಿನ ಕಣ್ಣಲ್ಲಿ ಅವರು ಬಾಡಿಗೆಗೆ ಬಂದವರು. ನಾಟಕದ ಒಳಗೆ ನಿಂತು ನೋಡಿದರೆ ನಾಟಕವನ್ನು ದಡ ಸೇರಿಸುವವರು ಅವರೇ.

ಗೊತ್ತು ಮಾಡುವ ಕ್ರಮವೂ ಹಾಗೆಯೇ ಪಳಗಿದ್ದು. ಮೇಷ್ಟ್ರ ಪರಿಚಯದ ಮೂಲಕ ಮಾತುಕತೆ, ಎಲೆ-ಅಡಿಕೆಯ ಜೊತೆ ಮುಂಗಡ. ಹೀಗೆ ವೀಳ್ಯ ಹಿಡಿದರೆ ಮಾತು ಕೊಟ್ಟ ಹಾಗೆ. ಅದೇ ದಿನಕ್ಕೆ ಮತ್ತೊಂದೂರಿನವರು ಹೆಚ್ಚು ಕೊಡುತ್ತೇವೆಂದು ಬಂದರೂ ಹೋಗುವಂತಿಲ್ಲ. ತಪ್ಪಿದವಳ ಸುದ್ದಿ ಮೇಷ್ಟ್ರಿಂದ ಮೇಷ್ಟ್ರಿಗೆ ಹೋಗಿ ಮುಂದಿನ ಸುಗ್ಗಿಗೆ ಕರೆಯೇ ಬರುವುದಿಲ್ಲ. ಕರಪತ್ರ ಅಚ್ಚಾಗುತ್ತದೆ. ಮೇಲೆ ದೇವರ ಚಿತ್ರ, ಕೆಳಗೆ ಶಾಸಕರಿಂದ ಹಿಡಿದು ಗ್ರಾಮ ಪಂಚಾಯಿತಿ ಸದಸ್ಯರವರೆಗೆ ಘನ ಉಪಸ್ಥಿತಿ, ಆಮೇಲೆ ಗಂಡು ಪಾತ್ರಗಳು ಭಾವಚಿತ್ರದೊಂದಿಗೆ, ಕಟ್ಟಕಡೆಯಲ್ಲಿ ಸ್ತ್ರೀ ಪಾತ್ರಗಳು. ಅಲ್ಲಿ ಕಲಾವಿದೆಗೆ ಸಾಮಾನ್ಯವಾಗಿ ಒಂದೇ ಹೆಸರು, ಅದರ ಮುಂದೆ ಊರು: ಇಂಥವರು, ಬಳ್ಳಾರಿ, ಇಂಥವರು, ದಾವಣಗೆರೆ. ಊರಿನ ಹೆಸರೇ ಆಕೆಯ ಮನೆತನ, ಅದೇ ಅವಳ ಅರ್ಹತಾ ಪತ್ರ.

ಬಳ್ಳಾರಿಯ ಹೆಸರಿಗೆ ಆ ಬೆಲೆ ತಂದವರಲ್ಲಿ ಸುಭದ್ರಮ್ಮ ಮನ್ಸೂರು ಮುಖ್ಯರು. 2020ರಲ್ಲಿ ತೀರಿಕೊಂಡ ಅವರು ಕಂಪನಿಯಲ್ಲೂ ಹಳ್ಳಿ ನಾಟಕದಲ್ಲೂ ಆಡಿದವರು, ರಂಗಗೀತೆಗಳ ದೊಡ್ಡ ಭಂಡಾರವಾಗಿದ್ದವರು. ದುರ್ಗದಿಂದ ಹೊಸಪೇಟೆಗೆ ಹೋಗುವ ಹೆದ್ದಾರಿಯ ಮರಿಯಮ್ಮನಹಳ್ಳಿಯಂತೂ ರಂಗನಟಿಯರ ಊರೆಂದೇ ಹೆಸರಾದದ್ದು. ಅಲ್ಲಿನ ಕೆ. ನಾಗರತ್ನಮ್ಮ ಆ ಪರಂಪರೆಯಿಂದ ಬಂದು ಮನ್ನಣೆ ಪಡೆದ ಕಲಾವಿದೆ. ಅದೇ ಊರಿನ ಮಂಜಮ್ಮ ಜೋಗತಿಯವರಿಗೆ ಜೋಗತಿ ಕಲೆಗಾಗಿ ಪದ್ಮಶ್ರೀ ಬಂತು. ಚಳ್ಳಕೆರೆ, ಮೊಳಕಾಲ್ಮೂರು, ಹಿರಿಯೂರು ಕಡೆಯ ಸಂಘಗಳವರು ಹೆಣ್ಣು ಪಾತ್ರಕ್ಕೆ ನೋಡುವುದು ಉತ್ತರಕ್ಕೆ, ಬಳ್ಳಾರಿ-ಹೊಸಪೇಟೆಯ ಕಡೆಗೆ. ಹೊಳಲ್ಕೆರೆ, ಹೊಸದುರ್ಗದವರಿಗೆ ದಾವಣಗೆರೆ ಹತ್ತಿರ.

ನಾಟಕದ ದಿನ ಆಕೆ ಮಧ್ಯಾಹ್ನದ ಬಸ್ಸಿಗೆ ಇಳಿಯುತ್ತಾಳೆ. ಕೈಯಲ್ಲೊಂದು ಟ್ರಂಕು, ಈಚೆಗೆ ಸೂಟ್‌ಕೇಸು. ಪೌರಾಣಿಕಕ್ಕೆ ಕಿರೀಟ, ಭುಜಕೀರ್ತಿ ಡ್ರೆಸ್‌ನವರು ತರುತ್ತಾರೆ. ಸಾಮಾಜಿಕಕ್ಕಾದರೆ ಸೀರೆ, ಸರ, ಸವರಿ ಎಲ್ಲ ಅವಳದೇ. ಬಡ ತಾಯಿಗೊಂದು ಮಾಸಿದ ಸೀರೆ, ಗೌಡತಿಗೊಂದು ಜರಿಯದು, ವಿಧವೆಯ ದೃಶ್ಯಕ್ಕೊಂದು ಬಿಳಿಯದು. ಶಾಲೆಯ ಕೊಠಡಿಯಲ್ಲೋ ಯಾರದೋ ಮನೆಯ ಪಡಸಾಲೆಯಲ್ಲೋ ಬಿಡಾರ. ಸಂಜೆ ಮೇಷ್ಟ್ರ ಪೇಟಿಯ ಮುಂದೆ ಒಂದು ಸುತ್ತು ತಾಲೀಮು. ಶ್ರುತಿ ಯಾವುದು, ಯಾವ ಹಾಡು ಉಂಟು, ಯಾವುದನ್ನು ಕೈಬಿಟ್ಟಿದ್ದಾರೆ, ಕರ್ಣನ ಪಾರ್ಟಿನವನು ಮಾತು ಮರೆಯುವ ಗಿರಾಕಿಯೇ ಎಂಬುದೆಲ್ಲ ಆ ಒಂದು ಗಂಟೆಯಲ್ಲಿ ತಿಳಿಯಬೇಕು. ರಾತ್ರಿ ಹತ್ತು ದಾಟಿದ ಮೇಲೆ ಪರದೆ. ಮುಗಿಯುವುದು ಬೆಳಗಿನ ಜಾವ.

ಕರ್ಣ–ಕುಂತಿಯರ ಭೇಟಿಯ ದೃಶ್ಯದಲ್ಲಿ ಈ ಕಸುಬಿನ ಹೂರಣವೆಲ್ಲ ಕಾಣಸಿಗುತ್ತದೆ. ಕರ್ಣನ ಪಾತ್ರಧಾರಿ ಐವತ್ತು ದಾಟಿದ ಊರ ಯಜಮಾನ, ಪಾತ್ರಕ್ಕೆ ಧಾರಾಳವಾಗಿ ದುಡ್ಡು ಹಾಕಿದವನು. ಕುಂತಿಗೆ ಅವನ ಮಗಳ ವಯಸ್ಸು. “ಮಗನೇ” ಎಂದು ಆಕೆ ಕರೆದಾಗ ಮುಂದೆ ಕೂತ ಹೆಂಗಸರು ಕಣ್ಣೊರೆಸಿಕೊಳ್ಳುತ್ತಾರೆ. ಯಾರಿಗೂ ನಗು ಬರುವುದಿಲ್ಲ. ಅಷ್ಟರಲ್ಲಿ ಕರ್ಣನಿಗೆ ಮಾತು ಮರೆಯುತ್ತದೆ. ಕುಂತಿ ಅವನ ತಲೆ ನೇವರಿಸುವ ನೆಪದಲ್ಲಿ ಬಗ್ಗಿ ಮುಂದಿನ ಸಾಲನ್ನು ಕಿವಿಗೆ ಹಾಕುತ್ತಾಳೆ. ಅದೂ ಸಾಲದಾದರೆ ಅವನ ಪ್ರಶ್ನೆಯನ್ನು ತನ್ನ ಮಾತಿನೊಳಗೇ ಸೇರಿಸಿ ಉತ್ತರವನ್ನೂ ಹೇಳಿ ದೃಶ್ಯವನ್ನು ಮುಂದಕ್ಕೆ ಎಳೆಯುತ್ತಾಳೆ. ನಾಟಕ ಗೆದ್ದರೆ ಬೆಳಗ್ಗೆ ಟೀ ಅಂಗಡಿಯಲ್ಲಿ ಹೊಗಳಿಕೆ ಕರ್ಣನಿಗೆ.

ನಡುವೆ ಮುಯ್ಯಿ. ಹಾಡು ಮುಗಿದೊಡನೆ ಮೈಕಿನಲ್ಲಿ ಯಾರದೋ ಹೆಸರು ಕೂಗಿ, ಇಂಥವರಿಂದ ಕುಂತಿ ಪಾತ್ರಧಾರಿಗೆ ನೂರು ರೂಪಾಯಿ ಎಂದು ಘೋಷಣೆ. ದಾನಿ ವೇದಿಕೆಗೇ ಬಂದು ಕೊಡುವುದೂ ಉಂಟು. ಅಳುತ್ತಿದ್ದ ಕುಂತಿ ಅಳು ನಿಲ್ಲಿಸಿ, ನೋಟು ತೆಗೆದುಕೊಂಡು, ಕೈಮುಗಿದು, ಮತ್ತೆ ಅದೇ ಶ್ರುತಿಯಲ್ಲಿ ಅಳಬೇಕು. ರಸಭಂಗವೆಂದು ನಗರದ ವಿಮರ್ಶಕರು ಮೂಗು ಮುರಿಯುವುದು ಇದಕ್ಕೇ. ಆದರೆ ಆ ನೋಟುಗಳು ಆಕೆಯ ರಾತ್ರಿಯ ಆದಾಯದ ದೊಡ್ಡ ಪಾಲು. ಅತ್ತು, ನಿಲ್ಲಿಸಿ, ಮತ್ತೆ ಅಳಬಲ್ಲವಳ ಕೌಶಲವನ್ನು ಅಭಿನಯ ಶಾಲೆಗಳು ಇನ್ನೂ ಪಠ್ಯಕ್ಕೆ ಸೇರಿಸಿಲ್ಲ.

ಇದರ ಇನ್ನೊಂದು ಮುಖ ಕಹಿ. ನೋಟು ಕೊಡುವ ನೆಪದಲ್ಲಿ ಕೈ ಹಿಡಿಯುವವರು, ಕುಡಿದು ಬಿಡಾರದ ಬಾಗಿಲು ಬಡಿಯುವವರು, ಒಪ್ಪಿದ ಹಣದಲ್ಲಿ ಬೆಳಗ್ಗೆ ಚೌಕಾಸಿಗೆ ನಿಲ್ಲುವವರು ಎಲ್ಲ ಕಾಲದಲ್ಲೂ ಇದ್ದರು. ಅದಕ್ಕೇ ಕಲಾವಿದೆಯರು ಒಂಟಿಯಾಗಿ ಬರುವುದು ಕಡಿಮೆ. ಜೊತೆಯಲ್ಲಿ ಅಕ್ಕನೋ ಚಿಕ್ಕಮ್ಮನೋ ಇರುತ್ತಾಳೆ. ಆಕೆಯೂ ಬರಿದೆ ಬರುವುದಿಲ್ಲ, ಅದೇ ನಾಟಕದಲ್ಲಿ ಅತ್ತೆಯ ಪಾತ್ರ ಹಿಡಿದಿರುತ್ತಾಳೆ. ಮುದಿ ಪಾತ್ರ ಮಾಡುವವಳೇ ತಂಡದ ಹಿರಿಯಳು, ಲೆಕ್ಕದವಳು, ಕಾವಲಿನವಳು. ಪೋಷಕ ನಟಿ ಎಂಬ ಮಾತು ವೇದಿಕೆಯ ಹೊರಗೂ ನಿಜವಾಗುವುದು ಹೀಗೆ.

ಇಂಗ್ಲೆಂಡಿನ ರಂಗಭೂಮಿಯನ್ನು ಪಕ್ಕದಲ್ಲಿಟ್ಟು ನೋಡಿದರೆ ಒಂದು ವಿಚಿತ್ರ ತಿರುವುಮುರುವು ಕಾಣುತ್ತದೆ. ಇಪ್ಪತ್ತನೆಯ ಶತಮಾನದ ಮೊದಲರ್ಧದಲ್ಲಿ ಅಲ್ಲಿನ ಸಣ್ಣ ಊರುಗಳಲ್ಲಿ ರೆಪರ್ಟರಿ ತಂಡಗಳಿದ್ದವು. ಹಲವು ಕಡೆ ವಾರಕ್ಕೊಂದು ಹೊಸ ನಾಟಕ. ರಾತ್ರಿ ಒಂದನ್ನು ಆಡುತ್ತ ಹಗಲು ಮುಂದಿನ ವಾರದ್ದನ್ನು ಬಾಯಿಪಾಠ ಮಾಡಬೇಕು. ಅಲ್ಲಿ ತಂಡ ಒಂದೇ, ನಾಟಕ ಬದಲು. ಹಿರಿಯೂರಿನ ಕುಂತಿಗೆ ನಾಟಕ ಒಂದೇ, ತಂಡ ಬದಲು. ಇಂದು ಈ ಊರಿನ ಕರ್ಣ, ನಾಳೆ ಆ ಊರಿನ ಕರ್ಣ. ಯಾವುದು ಕಷ್ಟವೆಂದು ತೀರ್ಪು ಕೊಡಬೇಕಾದರೆ, ಸಹನಟನ ಗುಣ ತಿಳಿಯದೆ ರಾತ್ರಿಯಿಡೀ ಅವನ ಎದುರು ನಿಲ್ಲುವುದೇ ಹೆಚ್ಚು ಕಷ್ಟ ಎನ್ನಬೇಕಾಗುತ್ತದೆ. ಬ್ರಿಟನ್ನಿನ ನಟನಟಿಯರು 1930ರಲ್ಲೇ ಈಕ್ವಿಟಿ ಎಂಬ ಸಂಘ ಕಟ್ಟಿ ಕೂಲಿಯ ಕರಾರು ಮಾಡಿಕೊಂಡರು. ನಮ್ಮಲ್ಲಿ ಎಲೆ-ಅಡಿಕೆಯೇ ಕರಾರು. ಮನ್ನಣೆ ತಡವಾಗುವುದು ಮಾತ್ರ ಎರಡೂ ಕಡೆ ಒಂದೇ. ಕೇಟಿ ಜಾನ್ಸನ್ 1894ರಲ್ಲಿ ರಂಗಕ್ಕೆ ಬಂದು ದಶಕಗಟ್ಟಲೆ ಸಣ್ಣಪುಟ್ಟ ಪಾತ್ರಗಳಲ್ಲೇ ಕಳೆದವರು. 1955ರ ‘ದಿ ಲೇಡಿಕಿಲ್ಲರ್ಸ್’ ಚಿತ್ರದ ಅಜ್ಜಿಯ ಪಾತ್ರ ಅವರಿಗೆ ಬ್ರಿಟಿಷ್ ಅಕಾಡೆಮಿ ಪ್ರಶಸ್ತಿ ತಂದಾಗ ವಯಸ್ಸು ಎಪ್ಪತ್ತೈದು ದಾಟಿತ್ತು. ಎರಡು ವರ್ಷದಲ್ಲಿ ತೀರಿಕೊಂಡರು.

ಇನ್ನು ಸಿನಿಮಾ. ದುರ್ಗದ ಮಟ್ಟಿಗೆ ಸಿನಿಮಾ ಎಂದರೆ ‘ನಾಗರಹಾವು’. ಈ ನೆಲದ ತ.ರಾ. ಸುಬ್ಬರಾಯರ ಮೂರು ಕಾದಂಬರಿಗಳನ್ನು ಸೇರಿಸಿ ಪುಟ್ಟಣ್ಣ ಕಣಗಾಲ್ ತೆಗೆದ ಈ ಚಿತ್ರ 1972ರ ಡಿಸೆಂಬರ್ ಕೊನೆಯಲ್ಲಿ ತೆರೆಕಂಡಿತು. ವಿಷ್ಣುವರ್ಧನ್, ಅಂಬರೀಷ್ ಇಬ್ಬರ ಹೆಸರೂ ಇಲ್ಲಿಂದ ಬೆಳೆದದ್ದು ಎಲ್ಲರಿಗೂ ಗೊತ್ತು. ಪೋಷಕ ನಟಿಯರ ಕಡೆಯಿಂದ ಈ ಚಿತ್ರವನ್ನು ನೋಡಿದವರು ಕಡಿಮೆ. ಕಥಾನಾಯಕ ರಾಮಾಚಾರಿಯ ತಾಯಿ ಸೋನಾಬಾಯಿಯಾಗಿ ಎಂ. ಜಯಶ್ರೀ. 1949ರ ‘ನಾಗಕನ್ನಿಕಾ’ ಚಿತ್ರದಲ್ಲಿ ನಾಯಕಿಯಾಗಿದ್ದವರು ಅವರು. ನಾಗಕನ್ನಿಕೆಯಾಗಿದ್ದವರು ಇಪ್ಪತ್ತಮೂರು ವರ್ಷಕ್ಕೆ ನಾಗರಹಾವಿನ ತಾಯಿಯಾದರು. ಚಾಮಯ್ಯ ಮೇಷ್ಟ್ರ ಹೆಂಡತಿ ತುಂಗಮ್ಮನಾಗಿ ಲೀಲಾವತಿ. 1960ರ ದಶಕದಲ್ಲಿ ರಾಜ್‌ಕುಮಾರ್ ಎದುರು ಸಾಲುಸಾಲು ಚಿತ್ರಗಳಲ್ಲಿ ನಾಯಕಿಯಾಗಿದ್ದ ಅವರಿಗೆ ಆಗ ವಯಸ್ಸು ಮೂವತ್ತೈದರ ಆಸುಪಾಸು. ಮಕ್ಕಳಿಲ್ಲದ ಆ ದಂಪತಿ ಬೇರೆಯವರ ಮಗನನ್ನು ತಮ್ಮವನೆಂದು ಹಚ್ಚಿಕೊಳ್ಳುವ ಭಾಗವೇ ಚಿತ್ರದ ಎದೆ. ಮೇಷ್ಟ್ರ ಮಾತಿಗೆ ತೂಕ ಬರುವುದು ತುಂಗಮ್ಮ ಸುಮ್ಮನೆ ನಿಂತು ಕೇಳುವ ರೀತಿಯಿಂದ. ಮೇಷ್ಟ್ರ ಪಾತ್ರ ಮಾಡಿದ ಅಶ್ವತ್ಥ್ ಅವರಿಗೆ ಸಂದ ಹೊಗಳಿಕೆಯಲ್ಲಿ ಅರ್ಧ ಲೀಲಾವತಿಯವರಿಗೆ ಸೇರಬೇಕಾದದ್ದು.

ಒನಕೆ ಓಬವ್ವನ ಪ್ರಸಂಗ ಇನ್ನೂ ಸೋಜಿಗದ್ದು. ಅತಿಥಿ ಪಾತ್ರದಲ್ಲಿ ಬಂದ ಜಯಂತಿ ಒಂದು ಹಾಡಿನ ಅವಧಿಯಷ್ಟೇ ತೆರೆಯ ಮೇಲಿರುತ್ತಾರೆ, ಮುಖ್ಯ ಕಥೆಗೂ ಆ ಪಾತ್ರಕ್ಕೂ ನೇರ ನಂಟಿಲ್ಲ. ಆದರೆ ಹೈದರಾಲಿಯ ಸೈನಿಕರನ್ನು ಕೋಟೆಯ ಕಿಂಡಿಯಲ್ಲಿ ಒನಕೆಯಿಂದ ತಡೆದ ಕಾವಲುಗಾರನ ಹೆಂಡತಿಗೆ ನಾಡಿನ ಕಣ್ಣಲ್ಲಿ ಒಂದು ಮುಖ ಸಿಕ್ಕಿದ್ದು ಆಗಲೇ. ಶಾಲೆಯ ವಾರ್ಷಿಕೋತ್ಸವಗಳಲ್ಲಿ ಕಚ್ಚೆ ಕಟ್ಟಿ ಒನಕೆ ಎತ್ತುವ ಹುಡುಗಿಯರು ಇಂದಿಗೂ ಅನುಸರಿಸುವುದು ಜಯಂತಿಯವರ ನಿಲುವನ್ನೇ.

ಒಟ್ಟಾರೆ ಕನ್ನಡ ಸಿನಿಮಾ ನಟಿಯರನ್ನು ಏಣಿಯಿಂದ ಇಳಿಸಿದ ವೇಗ ಕಂಪನಿಗಿಂತ ಹೆಚ್ಚು. ‘ಬೇಡರ ಕಣ್ಣಪ್ಪ’ದಲ್ಲಿ (1954) ರಾಜ್‌ಕುಮಾರ್ ಅವರಿಗೆ ನಾಯಕಿಯಾದ ಪಂಢರಿಬಾಯಿ ಮುಂದೆ ಅದೇ ರಾಜ್‌ಕುಮಾರ್ ಅವರಿಗೆ ತಾಯಿಯಾದರು. ಕಂಪನಿಯಲ್ಲಾದರೆ ನಾಯಕನಿಗೂ ವಯಸ್ಸಾಗುತ್ತದೆ ಎಂದು ಒಪ್ಪುವ ಪ್ರೇಕ್ಷಕರಿದ್ದರು.

ಮೂರನೆಯ ಆಸರೆ ಮಠ. ಚಿತ್ರದುರ್ಗ ತಾಲ್ಲೂಕಿನ ಸಿರಿಗೆರೆಯ ತರಳಬಾಳು ಬೃಹನ್ಮಠದ ಶಿವಕುಮಾರ ಶಿವಾಚಾರ್ಯ ಸ್ವಾಮೀಜಿ (1914–1992) ತಾವೇ ನಾಟಕಕಾರರು. ‘ಮರಣವೇ ಮಹಾನವಮಿ’, ‘ಶರಣಸತಿ–ಲಿಂಗಪತಿ’ ಮೊದಲಾದವನ್ನು ಬರೆದು, ತರಳಬಾಳು ಕಲಾಸಂಘದ ಮೂಲಕ ಊರೂರು ಆಡಿಸಿದವರು. ಅವರ ಶಿಷ್ಯ ಪಂಡಿತಾರಾಧ್ಯ ಶಿವಾಚಾರ್ಯ ಸ್ವಾಮೀಜಿ ಹೊಸದುರ್ಗ ತಾಲ್ಲೂಕಿನ ಸಾಣೇಹಳ್ಳಿಯ ಶಾಖಾಮಠಕ್ಕೆ ಬಂದ ಮೇಲೆ 1987ರಲ್ಲಿ ಶ್ರೀ ಶಿವಕುಮಾರ ಕಲಾಸಂಘ ಹುಟ್ಟಿತು, 1997ರಲ್ಲಿ ‘ಶಿವಸಂಚಾರ’ ಎಂಬ ತಿರುಗಾಟದ ರೆಪರ್ಟರಿ. ನಿರ್ದೇಶಕ ಸಿ.ಜಿ. ಕೃಷ್ಣಸ್ವಾಮಿ ಆರಂಭದ ದಿನಗಳಲ್ಲಿ ಬೆನ್ನಿಗೆ ನಿಂತರು. ಹೆಗ್ಗೋಡಿನ ನೀನಾಸಂ ತಿರುಗಾಟ 1985ರಲ್ಲೇ ಶುರುವಾಗಿತ್ತು. ಬಯಲುಸೀಮೆಯ ಒಂದು ಹಳ್ಳಿಯಲ್ಲಿ, ಅದೂ ಮಠದ ಅಂಗಳದಲ್ಲಿ, ಅಂಥದೇ ಪ್ರಯೋಗ ನೆಲೆಯೂರಿದ್ದು ದೊಡ್ಡ ಸಂಗತಿ. ವರ್ಷಕ್ಕೆ ಮೂರು ನಾಟಕ ಕಟ್ಟಿ, ನವೆಂಬರಿನ ನಾಟಕೋತ್ಸವದಲ್ಲಿ ಮೊದಲು ಆಡಿ, ಆಮೇಲೆ ನಾಡಿನುದ್ದಕ್ಕೂ ಪ್ರವಾಸ ಹೋಗುವುದು ಪದ್ಧತಿ. ಇದೇ ಊರಿನಲ್ಲಿ 2008ರಿಂದ ರಂಗಶಾಲೆಯೂ ಇದೆ. ಹೊಸದುರ್ಗದ ತೆಂಗಿನ ತೋಟಗಳ ನಡುವಿನ ಈ ಊರಿನ ಬಯಲು ರಂಗಮಂದಿರದಲ್ಲಿ ಉತ್ಸವದ ರಾತ್ರಿಗಳಲ್ಲಿ ಸೇರುವ ಜನರನ್ನು ಕಂಡರೆ ನಾಟಕಕ್ಕೆ ಪ್ರೇಕ್ಷಕರಿಲ್ಲ ಎಂಬ ಮಾತು ಬಾಯಿಗೆ ಬರುವುದಿಲ್ಲ.

ಸಾಣೇಹಳ್ಳಿಯಲ್ಲಿ ಪೋಷಕ ನಟಿಯ ದುಡಿಮೆಯ ಸ್ವರೂಪವೇ ಬೇರೆ. ಇಲ್ಲಿ ತಿಂಗಳ ಸಂಬಳ, ಒಂದೇ ಅಡುಗೆಮನೆಯ ಊಟ, ವರ್ಷದ ಕರಾರು. ಮುಯ್ಯಿ ಇಲ್ಲ, ವೀಳ್ಯವಿಲ್ಲ, ರಾತ್ರಿ ಬಾಗಿಲು ಬಡಿಯುವವರಿಲ್ಲ. ಹುಡುಗಿಯರು ಮಧ್ಯಾಹ್ನ ವ್ಯಾನಿನಿಂದ ರಂಗಸಜ್ಜಿಕೆ ಇಳಿಸುತ್ತಾರೆ, ಸಂಜೆ ಬಣ್ಣ ಹಚ್ಚುತ್ತಾರೆ, ಆಟ ಮುಗಿದ ಮೇಲೆ ಅದನ್ನೇ ಬಿಚ್ಚಿ ಮತ್ತೆ ತುಂಬುತ್ತಾರೆ. ಮೂರು ನಾಟಕಗಳಲ್ಲಿ ಒಂದರಲ್ಲಿ ನಾಯಕಿಯಾದವಳು ಇನ್ನೊಂದರಲ್ಲಿ ಅಜ್ಜಿ, ಮತ್ತೊಂದರಲ್ಲಿ ಗುಂಪಿನಲ್ಲೊಬ್ಬಳು. ಇಪ್ಪತ್ತೆರಡರ ಹುಡುಗಿ ಕೂದಲಿಗೆ ಬಿಳಿ ಹಚ್ಚಿ ಬೆನ್ನು ಬಗ್ಗಿಸುತ್ತಾಳೆ. ಕಂಪನಿಯ ಏಣಿ ಇಲ್ಲಿ ಮಲಗಿದೆ, ಒಂದೇ ವರ್ಷದಲ್ಲಿ ಎಲ್ಲ ಮೆಟ್ಟಿಲ ಮೇಲೂ ಕಾಲಿಡಬಹುದು. ಶರಣರ ಕಾಲದ ವಸ್ತು ಪೋಷಕ ಪಾತ್ರಗಳಿಗೆ ಹೇಳಿ ಮಾಡಿಸಿದ್ದು ಎಂಬುದನ್ನೂ ನೆನೆಯಬೇಕು. ಗಿರೀಶ ಕಾರ್ನಾಡರ ‘ತಲೆದಂಡ’ದಲ್ಲಿ ಬಿಜ್ಜಳನ ರಾಣಿ ರಂಭಾವತಿ, ಮದುವೆಯಾಗಲಿರುವ ಮಕ್ಕಳ ತಾಯಂದಿರಾದ ಲಲಿತೆ, ಕಲ್ಯಾಣಿಯರಿಗೆ ಸಿಗುವ ಸಮಯ ಕೊಂಚವೇ. ಆದರೆ ಗಂಡಸರು ಕ್ರಾಂತಿಯ ಮಾತಾಡುವಾಗ ಮುಂದೆ ಬರುವ ಅನಾಹುತವನ್ನು ಮೊದಲು ಮೂಸಿ ನೋಡುವವರು ಅವರು.

ಸಾಣೇಹಳ್ಳಿಯ ದಾರಿ ಒಳ್ಳೆಯದೇ, ಆದರೆ ಅದು ಯೌವನದ ದಾರಿ. ಒಂದೆರಡು ವರ್ಷ ತಿರುಗಾಟ ಮುಗಿಸಿದವರು ಬೆಂಗಳೂರಿನ ಧಾರಾವಾಹಿಗಳಿಗೆ ಹೋಗುತ್ತಾರೆ, ಶಾಲೆಗಳಲ್ಲಿ ನಾಟಕ ಕಲಿಸುತ್ತಾರೆ, ಮದುವೆಯಾಗಿ ಬಣ್ಣ ಬಿಡುತ್ತಾರೆ. ಅರವತ್ತರ ಪೋಷಕ ನಟಿಗೆ ರೆಪರ್ಟರಿಯಲ್ಲಿ ಜಾಗವಿಲ್ಲ. ಆಕೆ ಇವತ್ತಿಗೂ ಸಿಗುವುದು ಹಳ್ಳಿ ನಾಟಕದ ಕರಪತ್ರದ ಕೊನೆಯ ಸಾಲಿನಲ್ಲೇ. ಅಲ್ಲೂ ಈಗ ಪೈಪೋಟಿಗೆ ಆರ್ಕೆಸ್ಟ್ರಾ ಬಂದಿದೆ. ಸಾಮಾಜಿಕ ನಾಟಕದ ನಡುವೆ ರೆಕಾರ್ಡ್ ಹಾಡಿಗೆ ಕುಣಿಯುವ ಹುಡುಗಿಗೆ ತಾಯಿಯ ಪಾತ್ರದವಳಿಗಿಂತ ಹೆಚ್ಚು ಹಣ. ಸರ್ಕಾರ ಕಷ್ಟದಲ್ಲಿರುವ ವಯಸ್ಸಾದ ಕಲಾವಿದರಿಗೆ ಮಾಸಾಶನ ಕೊಡುತ್ತದೆ. ಅರ್ಜಿಗೆ ಕಲಾಸೇವೆಯ ದಾಖಲೆ ಲಗತ್ತಿಸಬೇಕು. ಕಂಪನಿಯಲ್ಲಿ ಪಗಾರದ ಚೀಟಿ ಇರಲಿಲ್ಲ, ಹಳ್ಳಿಯಲ್ಲಿ ರಸೀದಿ ಇಲ್ಲ. ಸಾವಿರ ರಾತ್ರಿ ಕುಂತಿಯಾದವಳ ಕೈಯಲ್ಲಿ ಉಳಿದಿರುವ ದಾಖಲೆಯೆಂದರೆ ಹಳೆಯ ಕರಪತ್ರಗಳು, ಅವೂ ಮಳೆಗಾಲದಲ್ಲಿ ಒಲೆ ಹೊತ್ತಿಸಲು ಹೋಗಿರುತ್ತವೆ.

ಹಾಗಾಗಿ ಈ ನಾಲ್ಕು ತಾಲ್ಲೂಕುಗಳ ಓದುಗರಲ್ಲಿ ಒಂದು ಕೋರಿಕೆ. ಅಟ್ಟದ ಮೇಲೆ, ದೇವರ ಮನೆಯ ಪೆಟ್ಟಿಗೆಯಲ್ಲಿ, ಅಜ್ಜ ಪಾರ್ಟು ಮಾಡಿದ ನಾಟಕದ ಕರಪತ್ರ ಸಿಕ್ಕರೆ ಎಸೆಯಬೇಡಿ. ಫೋಟೊ ತೆಗೆದಿಟ್ಟುಕೊಂಡು, ಮೂಲವನ್ನು ಊರಿನ ಗ್ರಂಥಾಲಯಕ್ಕೋ ಕನ್ನಡ ಸಾಹಿತ್ಯ ಪರಿಷತ್ತಿನ ತಾಲ್ಲೂಕು ಘಟಕಕ್ಕೋ ಕೊಡಿ. ಅಜ್ಜನ ಹೆಸರು ಮೇಲೆಯೇ ಇರುತ್ತದೆ, ದಯವಿಟ್ಟು ಕೊನೆಯ ಸಾಲನ್ನೂ ಓದಿ. ಅಲ್ಲಿರುವಾಕೆ ಇನ್ನೂ ಬದುಕಿದ್ದರೆ ಆ ಹಾಳೆಯಿಂದ ಆಕೆಯ ಮಾಸಾಶನದ ಅರ್ಜಿಗೆ ಒಂದು ಆಧಾರ ಸಿಕ್ಕೀತು.